ಕೋಲ್ಡ್ ಸ್ಟೋರೇಜಿಗೆ ಬೆಂಕಿ ಬಿದ್ದದ್ದು

ನಾನು ದಿನಾ ಡೈರಿ ಬರೆಯುವುದನ್ನು ಕಂಡವರು ನನ್ನನ್ನು ಶಿಸ್ತಿನ ಮನುಷ್ಯ ಎಂದುಕೊಂಡಿದ್ದಾರೆ. ನಿಜವೇನೆಂದರೆ, ನನ್ನ ನೆನಪಿನ ಮೇಲೆ ನನಗೇ ನಂಬಿಕೆಯಿಲ್ಲ. ನಮ್ಮ ಮದುವೆಯ ದಿನ ಜೋರು ಮಳೆ ಎಂದು ಹತ್ತು ವರ್ಷ ಹೇಳಿಕೊಂಡು ಬಂದೆ. ಫೋಟೋಗಳಲ್ಲಿ ನೆಂಟರೆಲ್ಲ ಬಿಸಿಲಿಗೆ ಕಣ್ಣು ಕಿರಿದು ಮಾಡಿಕೊಂಡು ನಿಂತಿದ್ದಾರೆ. ಆದರೂ ಯಾರಾದರೂ ಎದುರು ನಿಂತು ಏನಾದರೂ ಕೇಳಿದರೆ ಸಾಕು, ಆ ಅಪನಂಬಿಕೆ ಎಲ್ಲಿಗೋ ಹೋಗಿ, ಈಗಷ್ಟೇ ನೋಡಿ ಬಂದವನ ಹಾಗೆ ಉತ್ತರ ಕೊಟ್ಟುಬಿಡುತ್ತೇನೆ.

ಹೆಂಡತಿ ಸುಮಿತ್ರಾ ಕೇಂದ್ರ ಸರ್ಕಾರದ ನೌಕರಿಯಲ್ಲಿದ್ದಾಳೆ. ಕಿದ್ವಾಯಿ ನಗರದ ಅವಳ ಕ್ವಾರ್ಟರ್ಸಿನಿಂದ ನಾನು ಮೆಟ್ರೋ ಹಿಡಿದು ನೋಯಿಡಾದ ಆಫೀಸಿಗೆ ಹೋಗುತ್ತೇನೆ. ಆಲೂಗಡ್ಡೆ ಇಡುವ ಕೋಲ್ಡ್ ಸ್ಟೋರೇಜುಗಳನ್ನು ಕಾಯುವ ಸಾಫ್ಟ್‌ವೇರ್ ನಮ್ಮದು. ಅದರ ಹೊಟ್ಟೆಯೊಳಗೆ, ಸಿ ಎಂಬ ಕಂಪ್ಯೂಟರ್ ಭಾಷೆಯಲ್ಲಿ ನಾನು ಎಂದೋ ಬರೆದ ಲೈಬ್ರರಿಯೊಂದಿದೆ, ಅಂದರೆ ಸಿದ್ಧ ಲೆಕ್ಕಗಳ ಕಟ್ಟು. ಈಗಿನವರು ಬರೆಯುವುದು ಪೈಥಾನ್ ಎಂಬ ಬೇರೆ ಭಾಷೆಯಲ್ಲಿ. ಆದರೂ ಬೇಕಾದಾಗ, ಪ್ರೋಗ್ರಾಮು ಓಡುತ್ತಿರುವಾಗಲೇ, ಆ ಲೈಬ್ರರಿಯ ಫಂಕ್ಷನ್ನನ್ನು ಹೆಸರು ಹಿಡಿದು ಕರೆದು ಕೆಲಸ ಮಾಡಿಸಿಕೊಳ್ಳುತ್ತಾರೆ. ಅದಕ್ಕೆ ಇವರ ಭಾಷೆ ತಿಳಿಯದು. ಮೊದಲು ಕೈಗೆ ಬಂದ ಅಂಕಿ ಯಾವುದು, ಆಮೇಲೆ ಬಂದದ್ದು ಯಾವುದು ಎಂಬುದಷ್ಟೇ ಗೊತ್ತು. ಹಿಂದುಮುಂದಾಗಿ ಕೊಟ್ಟರೆ ಆಕ್ಷೇಪವೆತ್ತದೆ, ಅಷ್ಟೇ ಗಂಭೀರವಾಗಿ ತಪ್ಪು ಉತ್ತರ ಕೊಡುತ್ತದೆ. ಈ ವಿಷಯದಲ್ಲಿ ಅದು ತನ್ನನ್ನು ಬರೆದವನನ್ನೇ ಹೋಲುತ್ತದೆ. ಯಾವುದನ್ನು ಮೊದಲು ಕೊಡಬೇಕೆಂದು ಬರೆದಿಟ್ಟ ಫೈಲು ಎಂದೋ ಕಳೆದುಹೋದದ್ದರಿಂದ, ಎಲ್ಲರೂ ನನ್ನ ಬಳಿಯೇ ಬರುತ್ತಾರೆ.

ಹಾಗೇ ಬಂದವಳು ನಜ್ನೀನ್. ಬಳ್ಳಾರಿಯವಳು, ಸೇರಿ ಆರು ತಿಂಗಳು. ಆ ವಾರವೇ ಅವಳ ಕೆಲಸ ಕಾಯಂ ಆಗುವುದೋ ಇಲ್ಲವೋ ತೀರ್ಮಾನವಾಗಬೇಕಿತ್ತು.

"ಸರ್, ಮೊದ್ಲು ಟೆಂಪರೇಚರ್ ಕೊಡ್ಬೇಕಾ, ಹ್ಯುಮಿಡಿಟಿನಾ?"

"ಟೆಂಪರೇಚರ್ ಕಣಮ್ಮಾ. ನಾನೇ ಬರೆದದ್ದು, ಮರೀತೀನಾ?"

ಮಂಗಳವಾರ ಗಿರಾಕಿಗಳ ಮುಂದೆ ಪ್ರದರ್ಶನ. ಆಲೂಗಡ್ಡೆಯ ಕೋಣೆಯಲ್ಲಿ ನಾಲ್ಕು ಡಿಗ್ರಿ ಚಳಿ, ತೊಂಬತ್ತು ಪರ್ಸೆಂಟ್ ತೇವ. ಲೈಬ್ರರಿ ತೊಂಬತ್ತು ಡಿಗ್ರಿ ಬಿಸಿ ಎಂದು ತಿಳಿದು ಪರದೆಯನ್ನೆಲ್ಲ ಕೆಂಪು ಮಾಡಿ, ಬೆಂಕಿ ಬಿದ್ದಿದೆಯೆಂದು ಕೂಗತೊಡಗಿತು.

"ಅರೇ ನಜ್ನೀನ್ ಜೀ, ಆಲೂ ಭೂನ್ ದಿಯೇ ಕ್ಯಾ?" ಎಂದರು ಮ್ಯಾನೇಜರ್ ಚೌಹಾಣ್, ಆಲೂಗಡ್ಡೆಯನ್ನು ಸುಟ್ಟೇಬಿಟ್ಟಿರಾ ಎಂದು. ಎಲ್ಲರೂ ನಕ್ಕರು. ಆಮೇಲೆ ನನ್ನತ್ತ ತಿರುಗಿ, ಈ ಹುಡುಗಿಯ ಬಗ್ಗೆ ಏನನ್ನುತ್ತೀರಿ ಎಂದರು. ಹೊಸಬರು ಇನ್ನಷ್ಟು ಟೆಸ್ಟ್ ಮಾಡಿ ನೋಡಬೇಕು ಎಂದೆ. ನಜ್ನೀನ್ ನನ್ನನ್ನೊಮ್ಮೆ ನೋಡಿ, ಲ್ಯಾಪ್‌ಟಾಪ್ ಮುಚ್ಚಿದಳು.

ಆ ನೋಟ ಮೆಟ್ರೋದಲ್ಲಿ ನನ್ನ ಜೊತೆಗೇ ಮನೆಗೆ ಬಂತು. ಅಟ್ಟದ ಮೇಲಿದ್ದ ಹಳೆಯ ಡೈರಿ ಇಳಿಸಿದೆ. ನನ್ನದೇ ಅಕ್ಷರ: "ತೇವಾಂಶ ಮೊದಲು, ಉಷ್ಣಾಂಶ ಆಮೇಲೆ. ತೇವಾಂಶದ ಸೆನ್ಸರ್ ಮೊದಲು ಬಂದದ್ದರಿಂದ ಹಾಗೇ ಉಳಿಯಿತು. ಎಲ್ಲರಿಗೂ ತಿಳಿಸಿದ್ದೇನೆ."

ಶುಕ್ರವಾರ ಡೈರಿ ಹಿಡಿದು ಚೌಹಾಣ್ ಅವರ ಕೋಣೆಗೆ ಹೋದೆ. ಅವರಿಗೆ ಕನ್ನಡ ಬಾರದು. ಪುಟ ತಿರುಗಿಸಿ ನೋಡಿ, "ಅಚ್ಛಾ, ಇಸ್ ಮೇ ಲಿಖಾ ಕ್ಯಾ ಹೈ?" ಎಂದರು. ನನ್ನ ತಪ್ಪನ್ನು ನಾನೇ ಸಾಲು ಸಾಲಾಗಿ ಹಿಂದಿಗೆ ತರಬೇಕಾಯಿತು. ನಡುವೆ ಒಂದಿಷ್ಟು ಅದಲುಬದಲು ಮಾಡಿದ್ದರೂ ಅವರಿಗೆ ಗೊತ್ತಾಗುತ್ತಿರಲಿಲ್ಲ. ಆ ಯೋಚನೆ ಬರಲಿಲ್ಲವೆಂದು ಹೇಳಲಾರೆ.

ಮಧ್ಯಾಹ್ನ ನಜ್ನೀನಳ ಕೆಲಸ ಕಾಯಂ ಆಯಿತು. ಕ್ಷಮೆ ಕೇಳಲು ಹೋದರೆ ಅವಳು, "ಇರ್ಲಿ ಬಿಡಿ ಸರ್. ತಿರುಗಿಸಿ ಕೊಟ್ರೆ ಸರಿಯಾಗಿ ಬರ್ತಿದೆ ಅಂತ ಸೋಮವಾರವೇ ಹೇಳಿದ್ನಲ್ಲ. 'ಅದು ಕಾಕತಾಳೀಯ' ಅಂದ್ರಿ," ಎಂದಳು.

"ನಾನಾ?"

ಅವಳು ಮೊಬೈಲಿನಲ್ಲಿ ಮೆಸೇಜ್ ತೆಗೆದು ತೋರಿಸಿದಳು. ನಾನೇ. ಕೊನೆಗೊಂದು ಹೆಬ್ಬೆರಳಿನ ಚಿತ್ರ ಬೇರೆ.

ಸಂಜೆ ಡೈರಿಯಲ್ಲಿ ಬರೆದೆ: "ತಪ್ಪು ತಿಳಿದ ಕೂಡಲೇ ಹೋಗಿ ಒಪ್ಪಿಕೊಂಡೆ." ಚಹಾ ತಂದ ಸುಮಿತ್ರಾ ಹೆಗಲ ಹಿಂದಿನಿಂದ ಓದಿ, "ಕೂಡಲೇನಾ? ಮಂಗಳವಾರದಿಂದ ನಿಮಗೆ ಊಟ ಸೇರ್ತಿರ್ಲಿಲ್ಲ. ಇವತ್ತು ಶುಕ್ರವಾರ ಕಣ್ರೀ," ಎಂದಳು. "ಕೂಡಲೇ" ಹೊಡೆದುಹಾಕಿ "ಮೂರು ದಿನ ಬಿಟ್ಟು" ಎಂದು ತಿದ್ದಿದೆ.

ಅವಳು ಹೋದ ಮೇಲೆ ಹಳೆಯ ಡೈರಿ ಮತ್ತೆ ತೆರೆದು, "ಎಲ್ಲರಿಗೂ ತಿಳಿಸಿದ್ದೇನೆ" ಎಂಬ ಸಾಲನ್ನು ಚಹಾ ಆರುವವರೆಗೆ ನೋಡುತ್ತ ಕುಳಿತೆ. ಅದನ್ನು ಬರೆದ ದಿನ ನನ್ನ ಹೆಗಲ ಹಿಂದೆ ಯಾರೂ ನಿಂತಿರಲಿಲ್ಲ.