ಮಾಮಾನ ಮೇಳವೂ ಮೇಲ್ ಗಾಡಿಯೂ

ನಮ್ಮ ಮಾಮಾನ ಸಂಗೀತದ ಗುರು ಗೂಡ್ಸ್ ಗಾಡಿ ಎಂದರೆ ನೀವು ನಗುತ್ತೀರಿ. ನಗಿ, ಇಡೀ ವಾಡಿ ಊರೇ ನಕ್ಕಿದೆ! ಮಾಮಾ ಎಂದರೆ ನನ್ನ ತಾಯಿಯ ತಮ್ಮ, ರೈಲ್ವೆ ಪಾರ್ಸಲ್ ಆಫೀಸಿನ ಗುಮಾಸ್ತ. ರೇಡಿಯೋದಲ್ಲಿ ಒಮ್ಮೆ ಹುಡುಗರ ಗುಂಪೊಂದು ಹಾಡಿದ್ದನ್ನು ಕೇಳಿದ್ದೇ ನೆಪ, ವಾಡಿಗೂ ಅಂಥದೊಂದು ಮೇಳ ಬೇಕೆಂದು ಹಟ ಹಿಡಿದ.

ಆಯ್ಕೆ ಹೇಗೆ ಗೊತ್ತೇ? ಹುಡುಗ ಮೂರನೇ ಪ್ಲಾಟ್‌ಫಾರ್ಮಿನಲ್ಲಿ ನಿಂತು ತನ್ನ ಹೆಸರು ಕೂಗಬೇಕು. ಒಂದನೆಯದರಲ್ಲಿದ್ದ ಮಾಮಾನಿಗೆ ಕೇಳಿಸಿದರೆ ಪಾಸು. ಮಸ್ತಾನ್ ಎಂಬವನು ಕೂಗಿದ ರಭಸಕ್ಕೆ ಸ್ಟೇಷನ್ ಮಾಸ್ತರರೇ ಹೊರಗೋಡಿ ಬಂದರು. ಅವನು ನಿಂತಲ್ಲೇ ಪಾಸಾದ!

ತಾಲೀಮು ಕ್ವಾರ್ಟರ್ಸಿನ ಹಿಂದೆ, ಹಳಿಯ ಪಕ್ಕ. ಗೂಡ್ಸ್ ಬಂದರೆ ಡಬ್ಬಿಗಳೆಲ್ಲ ದಾಟುವವರೆಗೆ ಒಂದೇ ಉಸಿರಿನಲ್ಲಿ ‘ಆ’ ಎನ್ನುತ್ತಿರಬೇಕು. ನಾನು ಹನ್ನೆರಡನೇ ಡಬ್ಬಿಗೇ ಕೆಮ್ಮಿದೆ.

“ಅಳಿಯಾ, ನಿನ್ನ ಗಾಡಿ ಇನ್ನಾ ಬಾಜೂ ಸ್ಟೇಷನ್ ಶಹಾಬಾದ್ ಸೈತ ಮುಟ್ಟಿಲ್ಲಲ್ಲೋ!” ಎಂದ ಮಾಮಾ.

ಗಂಟಲು ಕೆಡಬಾರದೆಂದು ಮಿರ್ಚಿ ಭಜಿ ಬಂದ್. ದಿನಾ ನಮ್ಮ ಬಾಯಿ ಮೂಸಿ ನೋಡುತ್ತಿದ್ದ! ಒಂದು ದಿನ ಭಜಿ ಬಂಡಿಯ ಮುಂದೆ ಅವನೇ ಸಿಕ್ಕಿಬಿದ್ದ.

“ಮಾಮಾ, ಇದೇನ್ರಿ?” ಎಂದ ಮಸ್ತಾನ್.

“ನಿಮ್ಮ ಪಾಲಿಂದೆಲ್ಲ ನಾ ತಿನ್ಲಿಕತ್ತೀನಿ. ಎಷ್ಟ್ ಕಷ್ಟ ಅದ ಗೊತ್ತೇನು?”

ಒಂದು ನಿಯಮದಲ್ಲಿ ಮಾತ್ರ ತಮಾಷೆ ಇರಲಿಲ್ಲ: ದನಿ ಒಡೆದವನು ಮೇಳದಿಂದ ಹೊರಗೆ. ಗುಲ್ಬರ್ಗದಲ್ಲಿ ನಾವು ಹಾಡಬೇಕಿದ್ದ ಮೇಳಗಳ ಸ್ಪರ್ಧೆಗೆ ತಿಂಗಳಿರುವಾಗ ನನ್ನ ದನಿ ಒಡೆಯಿತು. ಮೇಳ ಬಿಟ್ಟರೆ ನನಗಿನ್ನೇನಿತ್ತು? ಸುಮ್ಮನೆ ಬಾಯಿ ಆಡಿಸಿ ಹಾಡಿದಂತೆ ನಟಿಸತೊಡಗಿದೆ.

ಸಂಜೆ ಗಾಡಿಗೆ ಸಿಗ್ನಲ್ ಬಿದ್ದ ಮೇಲೆಯೇ ಮಾಮಾ ಹಾಡು ಶುರು ಮಾಡಿಸುತ್ತಿದ್ದ. ಎರಡನೇ ನುಡಿ ಮುಗಿಯುವುದಕ್ಕೂ ಮೇಲ್ ಗಾಡಿ ಧಡಧಡ ಬರುವುದಕ್ಕೂ ಸರಿಹೋಗುತ್ತಿತ್ತು. ಅವನು ಕೈ ಎತ್ತಿದರೆ ಎಲ್ಲರೂ ಗಪ್ಪು. ಕೊನೆಯ ಗಾರ್ಡಿನ ಡಬ್ಬಿ ದಾಟಿದ ಮೇಲೆ ಮೂರನೇ ನುಡಿ.

ಗುಲ್ಬರ್ಗದ ವೇದಿಕೆಯಲ್ಲೂ ಎರಡನೇ ನುಡಿ ಮುಗಿಯಿತು. ಮಾಮಾನ ಕೈ ತಾನಾಗಿಯೇ ಮೇಲೆ ಹೋಯಿತು! ಇಪ್ಪತ್ತು ಹುಡುಗರೂ ಗಪ್ಪು. ಸಭಾಂಗಣದೊಳಗೆ ಗಾಡಿ ಎಲ್ಲಿಂದ ಬರಬೇಕು? ಗಾಡಿ ಬಾರದೆ ಮೂರನೇ ನುಡಿ ಹೇಗೆ ಶುರುವಾಗಬೇಕು? ಮಾಮಾ ಎತ್ತಿದ ಕೈ ಇಳಿಸದೆ ಬಾಗಿಲ ಕಡೆ ನೋಡಿದ. ನನಗೆ ತಡೆಯಲಾಗಲಿಲ್ಲ. ಒಡೆದ ದನಿಯಲ್ಲೇ ಮೂರನೇ ನುಡಿ ಎತ್ತಿಕೊಂಡೆ. ಸಭೆ ಗೊಳ್ಳೆಂದು ನಕ್ಕಿತು. ಹುಡುಗರು ನನ್ನ ಹಿಂದೆ ದನಿಗೂಡಿಸಿದರು, ಹಾಡು ಹೇಗೋ ಮುಗಿಯಿತು. ಬಹುಮಾನವೇ? ಅದರ ಮಾತು ಬಿಡಿ!

ಮರಳುವಾಗ ಪ್ಯಾಸೆಂಜರ್ ಗಾಡಿಯಲ್ಲಿ ನಾನೇ ಬಾಯಿಬಿಟ್ಟೆ: “ಮಾಮಾ, ನಾಳಿಂದ ನಾ ಬರಂಗಿಲ್ರಿ. ತಿಂಗಳಾತು, ಬರೇ ಬಾಯಿ ಆಡಸ್ಲಿಕತ್ತಿದ್ದೆ.” ಹೇಳುತ್ತಲೇ ಅಳು ಬಂತು.

“ನಂಗ ಮೊದಲೇ ಗೊತ್ತದ,” ಎಂದ ಮಾಮಾ. “ನಿನ್ನಷ್ಟೇ ಇದ್ದಾಗ ದನಿ ಒಡೀತಂತ ಭಜನಿ ಮಂದಿ ನನ್ನೂ ಹೊರಗ ಹಾಕಿದ್ರು. ಮತ್ತ ಹಾಡು ಅಂತ ಯಾರೂ ಅನ್ನಲೇ ಇಲ್ಲ. ಅದೇ ತಪ್ಪು ನಾನೂ ಮಾಡ್ಲಿಕತ್ತಿದ್ದೆ ನೋಡು. ನಾಳಿಂದ ದನಿ ಒಡದವರದ್ದು ಹಿಂದಿನ ಸಾಲು.”

“ಆ ಸಾಲಿನಾಗ ಯಾರ್ಯಾರ್ರಿ, ಮಾಮಾ?”

“ನೀ ಒಬ್ಬ,” ಎಂದು ಹೆಗಲ ಮೇಲೆ ಕೈ ಹಾಕಿದ. “ಮತ್ತ ನಾ.”