ತ್ರಿವಿಕ್ರಮ ಆಡದೆ ಗೆದ್ದ ಪಂದ್ಯ

ಒಂಬತ್ತು ವರ್ಷಗಳ ಬೇಸ್‌ಬಾಲ್ ಆಟದಲ್ಲಿ ತ್ರಿವಿಕ್ರಮನ ಬ್ಯಾಟಿಗೆ ಚೆಂಡು ಸರಿಯಾಗಿ ತಗುಲಿದ್ದು ಒಂದೇ ಸಲ, ಹೋದ ಶನಿವಾರ. ಆದರೆ ಅವನು ಓಡಲಿಲ್ಲ. ಮೈಸೂರಿನಲ್ಲಿ ಕ್ರಿಕೆಟ್ ಆಡಿ ಬೆಳೆದ ಮೈ. ಚೆಂಡನ್ನು ನೆಲಕ್ಕೆ ತಟ್ಟಿ, ರನ್ ಬೇಡವೆಂದು ಅಂಗೈ ತೋರಿಸಿ, ಅಲ್ಲೇ ನಿಂತ. ಬೇಸ್‌ಬಾಲಿನಲ್ಲಿ ಹೊಡೆದವನು ಓಡಲೇಬೇಕು. ಅವನು ಔಟಾದ.

ಅದರ ಫಲವಾಗಿ ಈ ಶನಿವಾರ ಬೆಳಗ್ಗೆ, ಫೈನಲ್ ಪಂದ್ಯದ ದಿನ, ಸಿಯಾಟಲ್ ಕನ್ನಡಿಗರ ತಂಡದ ಕಾರ್ಯದರ್ಶಿ ವಸಂತಲಕ್ಷ್ಮಿ ಅವನ ಮನೆಗೇ ಬಂದರು. ಪಕ್ಕದ ಮನೆಯವರಾದ್ದರಿಂದ ಬಾಗಿಲು ತಟ್ಟುವ ಪದ್ಧತಿ ಅವರಿಗಿರಲಿಲ್ಲ.

"ತ್ರಿವಿಕ್ರಮ್, ಇವತ್ತಿಂದ ನೀವು ಟೀಮ್ ಮ್ಯಾನೇಜರ್. ನಿಮ್ಮಷ್ಟು ಎಕ್ಸ್‌ಪೀರಿಯನ್ಸ್ ಯಾರಿಗಿದೆ ಹೇಳಿ?"

"ಔಟ್ ಆಗೋದ್ರಲ್ಲಾ, ವಸಂತಕ್ಕ?"

"ಎಕ್ಸ್‌ಪೀರಿಯನ್ಸ್ ಅಂದ್ರೆ ಎಕ್ಸ್‌ಪೀರಿಯನ್ಸೇ."

ತ್ರಿವಿಕ್ರಮನ ಮುಖ ಸಪ್ಪಗಾಯಿತು. ಹದಿನಾಲ್ಕರ ಮಗಳು ಮೈತ್ರಿ ಮೊದಲ ಸಲ ಅವನ ಆಟ ನೋಡಲು ಹೊರಟಿದ್ದಳು. ಅವಳ ಕಣ್ಣೆದುರು ಒಮ್ಮೆ ಹೊಡೆದು ಓಡಬೇಕು, ಅಷ್ಟೇ ಅವನ ಆಸೆ.

"ಒಂದೇ ಒಂದು ಸಲ ಆಡ್ಲಾ?"

"ಸಬ್‌ಸ್ಟಿಟ್ಯೂಟ್ ಲಿಸ್ಟ್‌ನಲ್ಲಿ ನಿಮ್ಮ ಹೆಸರಿದೆ. ಯಾರನ್ನ ಕಳಿಸ್ಬೇಕು ಅಂತ ಮ್ಯಾನೇಜರೇ ಡಿಸೈಡ್ ಮಾಡೋದು. ಅಂದ್ರೆ ನೀವೇ!"

ಪ್ರಾಮಾಣಿಕನನ್ನು ಕಟ್ಟಿಹಾಕಲು ಅಧಿಕಾರವನ್ನು ಅವನ ಕೈಗೇ ಕೊಟ್ಟರೆ ಸಾಕು. ವಸಂತಲಕ್ಷ್ಮಿಗೆ ಇದು ಚೆನ್ನಾಗಿ ಗೊತ್ತಿತ್ತು.

ಕ್ಯಾನ್ಯನ್ ಪಾರ್ಕ್ ಹತ್ತಿರದ ಮೈದಾನ. ಎದುರಿಗೆ ಪಕ್ಕದ ಊರಾದ ಎವರೆಟ್‌ನವರ ತಂಡ. ಮೂರನೇ ಇನ್ನಿಂಗ್ಸಿನಲ್ಲಿ, ಬ್ಯಾಟ್ ಹಿಡಿದು ಹೊರಟಿದ್ದ ಮಂಗಳೂರಿನ ಸಿರಿಲ್‌ನ ಬದಲು ತಾನೇ ಹೋಗೋಣವೆಂದು ತ್ರಿವಿಕ್ರಮ ಎದ್ದ. ಅಷ್ಟರಲ್ಲಿ ಎವರೆಟ್‌ನ ಚೆಂಡೆಸೆಯುವ ಪಿಚರ್ ತನ್ನ ಟೋಪಿ ಮುಟ್ಟಿಕೊಂಡದ್ದು ಕಂಡಿತು. ಆ ಪಿಚರ್‌ಗೆ ಅವನು ಹನ್ನೊಂದು ಸಲ ಔಟಾಗಿದ್ದ.

"ಸಿರಿಲ್, ಅವನು ಟೋಪಿ ಮುಟ್ಟಿದ್ರೆ ಬಾಲ್ ನಿಧಾನ ಬರತ್ತೆ. ಕಾದು ಹೊಡೀರಿ."

ಸಿರಿಲ್ ಕಾದು ಹೊಡೆದ. ಚೆಂಡು ಬೇಲಿ ದಾಟಿತು.

"ಎಂತ ಮಾರಾಯ್ರೆ, ಇಷ್ಟು ವರ್ಷ ಇದನ್ನು ಹೇಳ್ಲೇ ಇಲ್ವಲ್ಲ ನೀವು!"

ಆಮೇಲೆ ಬೆಂಚಿನವರೆಲ್ಲ ಅವನನ್ನು ಮುತ್ತಿಕೊಂಡರು. ಹೊಡೆಯುವವರು ಎದುರಾಳಿಯನ್ನು ಸರಿಯಾಗಿ ನೋಡಿರುವುದಿಲ್ಲ. ಸೋತು ಬಂದವನು ನೋಡಿರುತ್ತಾನೆ. ತ್ರಿವಿಕ್ರಮ ಹೇಳಿದ್ದೆಲ್ಲ ನಿಜವಾಗುತ್ತ ಹೋಯಿತು, ಮತ್ತು ಪ್ರತಿ ಸಲವೂ ಅವನು ಬೆಂಚಿನಲ್ಲೇ ಉಳಿದ.

ಕೊನೆಯ ಇನ್ನಿಂಗ್ಸ್. ಸಮಬಲ. ಸಿರಿಲ್ ಮೂರನೇ ಬೇಸ್‌ನಲ್ಲಿದ್ದ; ಅವನು ಅಲ್ಲಿಂದ ಓಡಿ, ಬ್ಯಾಟ್ ಹಿಡಿದವರು ನಿಲ್ಲುವ 'ಹೋಮ್' ಮುಟ್ಟಿದರೆ ಗೆಲುವು. ಆಡುವ ಸರದಿ ಸಿರಿಲ್‌ನ ಹೆಂಡತಿ ಶಾಲೆಟ್‌ಳದು.

"ಶಾಲೆಟ್, ಬ್ಯಾಟ್ ಕೊಡಿ. ನಾನು ಹೋಗ್ತೀನಿ."

ಶಾಲೆಟ್ ಕೊಟ್ಟಳು. ಮೈತ್ರಿ ಫೋನ್ ಎತ್ತಿ ಹಿಡಿದು ಕೂಗಿದಳು: "ಗೋ ಅಪ್ಪಾ! ದಿಸ್ ಟೈಮ್ ರನ್, ಓಕೆ?"

ಅವನನ್ನು ಕಂಡದ್ದೇ ಎವರೆಟ್‌ನವರೆಲ್ಲ ನಗುತ್ತ ಹತ್ತು ಹೆಜ್ಜೆ ಮುಂದೆ ಬಂದು ನಿಂತರು. ಇವನ ಚೆಂಡು ಅದಕ್ಕಿಂತ ದೂರ ಹೋಗುವುದಿಲ್ಲವೆಂದು ಅವರಿಗೆ ಖಾತ್ರಿ. ತ್ರಿವಿಕ್ರಮನಿಗೆ ಚುರುಕ್ಕೆಂದಿತು. ಆದರೆ ಅವರ ಹಿಂದೆ ಖಾಲಿ ಬಿದ್ದ ಮೈದಾನವೂ ಕಂಡಿತು. ಅವಮಾನವೂ ಉಪಾಯವೂ ಒಟ್ಟಿಗೇ ಬಂದವು. ಅವನಿಗೆ ನಿಜವಾಗಿಯೂ ಅಳು ಬಂತು. ಮುಂದಿನ ವರ್ಷ ಹೊಡೆದರಾಯಿತು ಎಂದು ತನಗೆ ತಾನೇ ಹೇಳಿಕೊಂಡು ಹಿಂದಿರುಗಿದ.

"ತಗೊಳ್ಳಿ ಶಾಲೆಟ್. ಎತ್ತಿ ಹೊಡೀರಿ, ಹಿಂದೆ ಯಾರೂ ಇಲ್ಲ."

ಹೆಂಗಸು ಬಂದಳೆಂದು ಎವರೆಟ್‌ನವರು ಜಾಗ ಬಿಟ್ಟು ಕದಲಲಿಲ್ಲ. ಶಾಲೆಟ್ ಬೀಸಿ ಹೊಡೆದ ಚೆಂಡು ಎಲ್ಲರ ತಲೆಯ ಮೇಲಿಂದ ಹೋಯಿತು. ಸಿರಿಲ್ ಓಡಿ ಬಂದ. ತಂಡ ಗೆದ್ದಿತು.

"ಅಪ್ಪಾ, ಯು ಆರ್ ಎ ಜೀನಿಯಸ್! ಬಟ್ ಐ ವಾಂಟೆಡ್ ಟು ಸೀ ಯು ರನ್."

"ನೆಕ್ಸ್ಟ್ ಇಯರ್ ಪುಟ್ಟಿ, ಖಂಡಿತ."

ಅಷ್ಟರಲ್ಲಿ ವಸಂತಲಕ್ಷ್ಮಿ ಕಾರಿನಿಂದ ದೊಡ್ಡ ಗಾಜಿನ ಫ್ರೇಮೊಂದನ್ನು ಹೊತ್ತು ತಂದರು.

"ತ್ರಿವಿಕ್ರಮ್, ಆ ಜರ್ಸಿ ಬಿಚ್ಚಿ."

ಸಿಯಾಟಲ್‌ನ ಥಂಡಿ ಗಾಳಿಯಲ್ಲಿ ಅವನು ಬರೀ ಬನಿಯನ್‌ನಲ್ಲಿ ನಿಂತ.

"ನಿಮ್ಮ ಹದಿನೇಳನೇ ನಂಬರ್‌ನ ರಿಟೈರ್ ಮಾಡಿದೀವಿ! ಬೇಸ್‌ಬಾಲ್‌ನಲ್ಲಿ ಇದಕ್ಕಿಂತ ದೊಡ್ಡ ಗೌರವ ಇಲ್ಲ. ಇನ್ಮೇಲೆ ಇದನ್ನ ಹಾಕ್ಕೊಂಡು ಯಾರೂ ಆಡೋ ಹಾಗಿಲ್ಲ."

"ನಾನು?"

"ನೀವು ಮ್ಯಾನೇಜರ್. ಲೈಫ್‌ಲಾಂಗ್."

"ಬೇರೆ ನಂಬರ್ ಕೊಡಿ, ವಸಂತಕ್ಕ."

"ಒಬ್ಬರಿಗೆ ಒಂದೇ ನಂಬರ್. ಕಮಿಟಿ ರೂಲು."

ಫ್ರೇಮಿನ ಕೆಳಗೆ 'ಆಟದಿಂದ ನಿವೃತ್ತಿ' ಎಂದು ಕೊರೆಸಿ, ನಿನ್ನೆಯ ತಾರೀಖು ಹಾಕಿದ್ದರು.

"ನಿನ್ನೇನೇ ಡಿಸೈಡ್ ಆಗಿತ್ತಾ? ಮೊದ್ಲೇ ಹೇಳಿದ್ರೆ ಇವತ್ತು ನಾನು ಬ್ಯಾಟ್ ವಾಪಸ್ ಕೊಡ್ತಾನೇ ಇರ್ಲಿಲ್ಲ!"

"ಅದಕ್ಕೇ ಹೇಳ್ಲಿಲ್ಲ" ಎಂದ ವಸಂತಲಕ್ಷ್ಮಿ, ಜರ್ಸಿಯನ್ನು ಅಂದವಾಗಿ ಮಡಿಸಿ ಗಾಜಿನೊಳಗಿಟ್ಟು ಮುಚ್ಚಿದರು.