ಏಳು ಕೋಟೆಗಳನ್ನು ದಾಕ್ಷಾಯಣಿ ಕಲಸಿದ ಪ್ರಸಂಗ

ಕತ್ತಿಗಳು ತುಕ್ಕು ಹಿಡಿದು, ಗದೆಗಳು ಗಾಜಿನ ಕಪಾಟು ಸೇರಿ, ಮನುಕುಲದ ಸಮಸ್ತ ಪರಾಕ್ರಮವೂ ಹೆಗಲಿನಿಂದ ಮೊಣಕೈಗೆ, ಮೊಣಕೈಯಿಂದ ಮಣಿಕಟ್ಟಿಗೆ, ಮಣಿಕಟ್ಟಿನಿಂದ ಎರಡು ಹೆಬ್ಬೆರಳುಗಳಿಗೆ ಇಳಿದು ನಿಂತಿರುವ ಓ ಮಹಾಯುಗವೇ, ನಿನಗೆ ಮೊದಲ ವಂದನೆ. ಅಂಗೈಯಗಲದ ಪರದೆಯೊಳಗೆ ಸಾಮ್ರಾಜ್ಯಗಳನ್ನು ಮಡಿಚಿಟ್ಟ ನಿನ್ನ ಮಾಯೆಗೆ ಎರಡನೆಯದು. ಮೂರನೆಯ ವಂದನೆಯನ್ನು, ನಿನಗೆ ಬೇಸರವಾಗದಿದ್ದರೆ, ಹುಬ್ಬಳ್ಳಿ ಕೇಶ್ವಾಪುರದ ದಾಕ್ಷಾಯಣಿ ಅಣ್ಣಿಗೇರಿಗೆ ಸಲ್ಲಿಸಿ ಕಥೆಗೆ ತೊಡಗುತ್ತೇನೆ. ಏಕೆಂದರೆ ಏಳು ಕೋಟೆಗಳನ್ನು ಬುಡಮೇಲು ಮಾಡಿದವಳು ಆಕೆ. ಅದೂ ಅಡುಗೆಮನೆಯ ಕುಕ್ಕರಿನ ಸೀಟಿ ಕೇಳಿಸುವಷ್ಟು ಹತ್ತಿರ ಕುಳಿತು.

ಆಕೆ ಸಾಮಾನ್ಯಳಲ್ಲ. ಟ್ರಂಕ್ ಕಾಲ್‌ಗಳ ಕಾಲದಲ್ಲಿ ದೂರವಾಣಿ ಕೇಂದ್ರದ ತಂತಿ ಚುಚ್ಚುವ ಹಲಗೆಯ ಮುಂದೆ ಕುಳಿತು, ಬೆಳಗಾವಿಯ ಬಾಯನ್ನು ಬಳ್ಳಾರಿಯ ಕಿವಿಗೆ, ಗದಗಿನ ವ್ಯಾಪಾರವನ್ನು ಮುಂಬಯಿಯ ಧಾರಣೆಗೆ ಒಂದೇ ಗುಕ್ಕಿನಲ್ಲಿ ಜೋಡಿಸುತ್ತಿದ್ದ ಶತತಂತುಸಂಯೋಜನಚತುರೆ. ಈಗ ಅರವತ್ತೊಂದರ ಪ್ರಾಯ, ನಿವೃತ್ತಿ, ಎರಡು ಮೊಣಕಾಲುಗಳಲ್ಲಿ ಒಂದು ನೋವಿನದು. ಆಕೆಯ ಪತಿ ಗುರುಸಿದ್ದಪ್ಪನೋ, ಹೊಸಪೇಟೆಯ ಅದಿರು ಹೊತ್ತ ಗೂಡ್ಸ್ ಗಾಡಿಯನ್ನು ಕ್ಯಾಸಲ್‌ರಾಕ್ ಘಟ್ಟದ ಇಳಿಜಾರಿನಲ್ಲಿ ಮಗುವಿನಂತೆ ನಡೆಸಿಕೊಂಡು ಇಳಿಸಿದ ಘಟ್ಟಾವರೋಹಣಧೀರ, ಅಯಶ್ಶಕಟಸಾರಥಿ, ವೇಳಾಪಟ್ಟಿಪರಾಯಣ. ಮೂವತ್ತಾರು ವರ್ಷ ಆತ ಹಳಿ ಬಿಟ್ಟು ಒಂದು ಅಂಗುಲ ಅತ್ತಿತ್ತ ಹೋದವನಲ್ಲ. ಹೋಗುವುದು ಸಾಧ್ಯವಿರಲಿಲ್ಲ ಎಂಬುದು ಬೇರೆ ಮಾತು.

ಅಂಥ ವೀರನಿಗೆ ನಾಲ್ಕು ತಿಂಗಳ ಹಿಂದೆ ಲಕ್ವಾ ಹೊಡೆಯಿತು. ದೇವರು ದೊಡ್ಡವನು, ಬೇಗನೆ ಆಸ್ಪತ್ರೆ ಸೇರಿದ್ದರಿಂದ ಕಾಲು ಬಂತು, ಸೊಟ್ಟಗಾದ ಬಾಯಿ ನೆಟ್ಟಗಾಯಿತು. ಆದರೆ ಬಲಗೈ ಅರ್ಧ ಮಾತ್ರ ಮರಳಿತು; ಅದರ ಹೆಬ್ಬೆರಳಂತೂ ರಾಜಾಜ್ಞೆಯನ್ನು ಲೆಕ್ಕಿಸದ ಪಾಳೆಗಾರನಂತೆ ಬಿಗಿದುಕೊಂಡು ಕುಳಿತಿತು. ಮಾತಿನದು ಇನ್ನೂ ವಿಚಿತ್ರ. ನಾಲಗೆ ಸರಿಯಿತ್ತು, ಆಡುವ ಮನಸ್ಸಿರಲಿಲ್ಲ. ದಿನಕ್ಕೆ 'ಹೂಂ' ನಾಲ್ಕು, 'ಬ್ಯಾಡ' ಆರು. ಅಷ್ಟರಲ್ಲೇ ಆತನ ಸಂಸಾರ ನಡೆಯುತ್ತಿತ್ತು.

ವಾರಕ್ಕೆ ಮೂರು ಮುಂಜಾನೆ ಫಿಸಿಯೋಥೆರಪಿಯ ನಫೀಸಾ ಸ್ಕೂಟರಿನಲ್ಲಿ ಬರುತ್ತಿದ್ದಳು. ಆಕೆ ಕೊಟ್ಟ ರಬ್ಬರ್ ಚೆಂಡನ್ನು ಗುರುಸಿದ್ದಪ್ಪ ಒಮ್ಮೆ ಒತ್ತಿದ. ಎರಡನೆಯ ಸಲ ದಿವಾನದ ಕೆಳಗೆ ಉರುಳಿಸಿಬಿಟ್ಟ. ಆಗ ಆಕೆಯೇ ದಾಕ್ಷಾಯಣಿಗೆ ಉಪಾಯ ಹೇಳಿದಳು: "ಕಾಕೂ, ಕೈಯಾಗ ಹಿಡಕೊಂಡು ಆಡೂ ಗೇಮ್ ಬರ್ತಾವಲ್ಲ, ಅದನ್ನ ಕೊಟ್ಟು ನೋಡ್ರಿ. ಹೆಬ್ಬಟ್ಟು ತಾನ ಆಡ್ತೈತಿ."

ದಾಕ್ಷಾಯಣಿ ದುರ್ಗದಬೈಲಿನ ಅಂಗಡಿಯೊಂದರಲ್ಲಿ ಯಾರೋ ಆಡಿ ಬಿಟ್ಟ ಯಂತ್ರವೊಂದನ್ನು ತಂದಳು. ಅದರೊಳಗಿದ್ದುದು 'ಏಳು ಕೋಟೆಗಳ ರಾಜ್ಯ' ಎಂಬ ಆಟ. ನೀಲಿ ಅಂಗಿಯ ಕುಳ್ಳ ಸರದಾರನೊಬ್ಬ ಇನ್ನೂರ ಹನ್ನೆರಡು ಪೆಟ್ಟಿಗೆಗಳನ್ನು ತೆರೆದು, ಕೀಲಿ ಹಗ್ಗ ದೀವಟಿಗೆಗಳನ್ನು ಕೂಡಿಸಿ, ಏಳನೆಯ ಕೋಟೆಯ ಸಿಂಹಾಸನದ ಮೇಲಿನ ರಾಕ್ಷಸನನ್ನು ಕೊಲ್ಲಬೇಕು. ಗುರುಸಿದ್ದಪ್ಪ ಮೊದಲು ಮೂಗು ಮುರಿದ. ಆಮೇಲೆ ಕೊಂದ. ಮತ್ತೆ ಕೊಂದ. ಒಂಬತ್ತು ಸಲ ಕೊಂದ ಮೇಲೆ ಯಂತ್ರವನ್ನು ಟಿ.ವಿ.ಯ ಮೇಲಿಟ್ಟು ಗೋಡೆಯ ಕಡೆ ಮುಖ ಮಾಡಿದ.

"ಯಾಕ್ರೀ, ಬ್ಯಾಸರಾತೇನು?"

"ಎಲ್ಲಾ ಬಾಯಿಪಾಠ ಆಗೇತಿ. ಯಾವ ಪೆಟ್ಟಿಗ್ಯಾಗ ಏನೈತಿ ಅಂತ ಕಣ್ಣು ಮುಚ್ಚಿ ಹೇಳ್ತೀನಿ."

ಬೇರೆ ಆಟ ತಂದರೆ ಮುಟ್ಟಲಿಲ್ಲ. ಹೊಸ ಲೈನು ಕಲಿಯುವ ವಯಸ್ಸು ತನ್ನದಲ್ಲ ಎಂದ. ಹೆಬ್ಬೆರಳು ಮತ್ತೆ ಬಿಗಿಯಿತು. ನಫೀಸಾ ಹೊರಡುವಾಗ ಬಾಗಿಲಲ್ಲಿ ನಿಂತು ದನಿ ತಗ್ಗಿಸಿದಳು: "ಆರು ತಿಂಗಳದಾಗ ಎಷ್ಟು ಬರ್ತೈತೋ ಅಷ್ಟ ಕಾಕೂ. ಆಮ್ಯಾಲ ಭಾಳ ನಿಧಾನ." ನಾಲ್ಕು ಮುಗಿದಿದ್ದವು.

ಆಗ ಆ ಶತತಂತುಸಂಯೋಜನಚತುರೆ, ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ಗಂಡನ ಹೆಬ್ಬೆರಳನ್ನು ದೃಷ್ಟಿಸಿ, ಮನದಲ್ಲೇ ಗುಡುಗಿದಳು: 'ಎಲೈ ದುರಹಂಕಾರಿ ಅಂಗುಷ್ಠವೇ, ಮುಂಬಯಿ ಲೈನ್ ಸಿಗದೆ ದೇಶಕ್ಕೆ ದೇಶವೇ ಕಾದು ಕುಳಿತಾಗ ಅದನ್ನು ಹಿಡಿದು ತಂದವಳು ನಾನು. ನೀನು ಯಾವ ಲೆಕ್ಕ?' ಬಾಯಲ್ಲಿ ಮಾತ್ರ, "ಚಾ ಕುಡೀತೀರೇನು?" ಎಂದಳು. "ಬ್ಯಾಡ" ಎಂದ.

ಮರುದಿನ ಗಂಡ ಸ್ನಾನಕ್ಕೆ ಹೋದಾಗ ಆಕೆ ಹಳೆಯ ಕಂಪ್ಯೂಟರಿನ ಮೇಲಿನ ಹೊದಿಕೆ ತೆಗೆದಳು. ಈ ಆಟವನ್ನು ಆಡಿ ಆಡಿ ಸಾಕಾದ ಜನ ಲೋಕದಲ್ಲಿ ಬೇರೆಯೂ ಇದ್ದಾರೆ, ಅವರು ಅದನ್ನು ಕಲಸುವ ಒಂದು ಸಾಧನವನ್ನೇ ಮಾಡಿ ಬಿಟ್ಟಿದ್ದಾರೆ ಎಂದು ಆಕೆ ಓದಿದ್ದಳು. ಇಸ್ಪೀಟು ಎಲೆ ಕಲಸಿದಂತೆ: ಎಲೆಗಳು ಅವೇ, ಜಾಗ ಬೇರೆ. ಇನ್ನೂರ ಹನ್ನೆರಡು ಪೆಟ್ಟಿಗೆಗಳ ಸರಕು ಅದಲುಬದಲು. ಬಾಗಿಲುಗಳು ಹೋಗಬೇಕಾದಲ್ಲಿಗೆ ಹೋಗದೆ ಬೇರೆಲ್ಲಿಗೋ. ವೈರಿಗಳು ಒಬ್ಬರ ಪೀಠದಲ್ಲಿ ಇನ್ನೊಬ್ಬರು. ದಾಕ್ಷಾಯಣಿಗೆ ಅರ್ಥವಾಗಲು ತಡವಾಗಲಿಲ್ಲ. ಬೆಳಗಾವಿಯ ತಂತಿಯನ್ನು ಬಳ್ಳಾರಿಯ ತೂತಿನ ಬದಲು ಬಾಗಲಕೋಟೆಯ ತೂತಿಗೆ ಚುಚ್ಚಿದರೆ ಏನಾಗುತ್ತದೆ ಎಂಬುದನ್ನು ಆಕೆ ಕೆಲಸಕ್ಕೆ ಸೇರಿದ ಮೊದಲ ವಾರದಲ್ಲೇ ಕಂಡಿದ್ದಳು.

ಯಂತ್ರದ ಬೆನ್ನಿನಿಂದ ಉಗುರಿನಷ್ಟು ಮೆಮೊರಿ ಕಾರ್ಡನ್ನು ಹೊರಗೆಳೆದಳು. ಮೂಲ ಆಟದ ಒಂದು ಪ್ರತಿಯನ್ನು ಬೇರೆ ಕಡೆ ಜೋಪಾನ ಮಾಡಿದಳು; ಯುದ್ಧಕ್ಕೆ ಮುನ್ನ ವಂಶೋದ್ಧಾರಕನನ್ನು ಅಜ್ಜನ ಮನೆಗೆ ಕಳಿಸಿದಂತೆ. ಪರದೆಯ ಮೇಲೆ ಅರವತ್ತು ಚೌಕಗಳು ತೆರೆದುಕೊಂಡವು. ಯಾವುದನ್ನು ಕಲಸಬೇಕು, ಯಾವುದನ್ನು ಬಿಡಬೇಕು ಎಂದು ಒಂದೊಂದಕ್ಕೂ ಗುರುತು ಹಾಕಬೇಕು. ಕೊನೆಗೆ ಒಂದು ಸಂಖ್ಯೆ ಕೇಳಿತು. ಆ ಸಂಖ್ಯೆಯೇ ಬೀಜ, ಅದರಿಂದಲೇ ಈ ಕಲಸಾಟವೆಲ್ಲ ಮೊಳೆಯುವುದು. ಆಕೆ ಹಿಂದೆ ತಾನು ಕೂರುತ್ತಿದ್ದ ಹಲಗೆಯ ಸಂಖ್ಯೆಯನ್ನು ಒತ್ತಿದಳು. ಪಟ್ಟಿಯೊಂದು ನಿಧಾನಕ್ಕೆ ತುಂಬಿತು. ಬಚ್ಚಲಲ್ಲಿ ತಂಬಿಗೆಯ ಸದ್ದು ನಿಲ್ಲುವಷ್ಟರಲ್ಲಿ ಏಳು ಕೋಟೆಗಳ ಸಾವಿರ ವರ್ಷದ ರಾಜ್ಯವ್ಯವಸ್ಥೆ ನಿರ್ನಾಮವಾಗಿತ್ತು.

"ಇನ್ನೊಂದ ಸಲ ಆಡ್ರಿ. ನಫೀಸಾ ಕೇಳ್ತಾಳ," ಎಂದು ಯಂತ್ರವನ್ನು ಕೈಗಿಟ್ಟಳು.

ಗುರುಸಿದ್ದಪ್ಪ ನಿಟ್ಟುಸಿರು ಬಿಟ್ಟು ಶುರು ಮಾಡಿದ. ಮೊದಲ ಗುಡಿಸಲಿನ ಮೊದಲ ಪೆಟ್ಟಿಗೆ. ಅದರಲ್ಲಿ ಒಂಬತ್ತು ಸಲವೂ ದೀವಟಿಗೆ ಸಿಕ್ಕಿತ್ತು. ಹತ್ತನೆಯ ಸಲ ಅದರಿಂದ ಒಂದು ಮೀನು ಎದ್ದಿತು. ಗುಡಿಸಲ ಬಾಗಿಲು ದಾಟಿದರೆ ಹಳ್ಳಿಯ ಅಂಗಳವಿಲ್ಲ. ಆರನೆಯ ಕೋಟೆಯ ನೆಲಮಾಳಿಗೆ. ಅಲ್ಲಿ ಕಾವಲುಗಾರನ ಜಾಗದಲ್ಲಿ ಎತ್ತಿನ ಗಾತ್ರದ ಚೇಳು.

"ಏ ದಾಕ್ಷಾಯಣೀ!"

ಅಡುಗೆಮನೆಯಲ್ಲಿ ಆಕೆಯ ಕೈಯಿಂದ ಸೌಟು ಜಾರಿತು. ನಾಲ್ಕು ತಿಂಗಳಲ್ಲಿ ಆ ದನಿ ಅಷ್ಟು ದೂರ ಬಂದಿರಲಿಲ್ಲ.

"ಏನ್ರೀ?"

"ಇದರ ತಲಿ ಕೆಟ್ಟೈತಿ! ದೀವಟಿಗಿ ಇರೂ ಜಾಗದಾಗ ಮೀನೈತಿ! ಯಾವ ಹಲ್ಕಟ್ ಇಟ್ಟಾನ ಇದನ್ನ?"

"ನನಗೇನ್ ಗೊತ್ರೀ," ಎಂದಳು ಆಕೆ, ಒಗ್ಗರಣೆಯ ಹೊಗೆಯ ನೆವದಲ್ಲಿ ಕಣ್ಣೊರೆಸಿಕೊಳ್ಳುತ್ತ.

ಮೂರು ದಿನ ಆ ಮನೆಯಲ್ಲಿ ಘೋರ ಸಂಗ್ರಾಮ. ಕಾಯಿಪಲ್ಯೆಯ ಅಂಗಡಿಯವ ಕಿರೀಟ ಮಾರಿದ. ಕ್ಷೌರದ ಅಂಗಡಿಯ ಹಿಂಬಾಗಿಲು ಸಮುದ್ರಕ್ಕೆ ತೆರೆಯಿತು. ಬಾವಿಯಲ್ಲಿ ಇಳಿದವನು ಗೋಪುರದ ತುದಿಯಲ್ಲಿ ಎದ್ದ. ಘಟ್ಟಾವರೋಹಣಧೀರನ ಬೈಗುಳಕ್ಕೆ ಪಕ್ಕದ ಮನೆಯ ಕಿಟಕಿ ಮುಚ್ಚಿಕೊಂಡಿತು. ನಫೀಸಾ ಬಂದು ಹೆಬ್ಬೆರಳನ್ನು ಹಿಡಿದು ಬಗ್ಗಿಸಿ ನೋಡಿ, ದಾಕ್ಷಾಯಣಿಯ ಕಡೆ ಹುಬ್ಬು ಹಾರಿಸಿದಳು. ಪಾಳೆಗಾರ ಸಡಿಲವಾಗಿದ್ದ.

ನಾಲ್ಕನೆಯ ದಿನ ರಥ ಹೂತುಹೋಯಿತು. ಎರಡನೆಯ ಕೋಟೆಯ ಕಬ್ಬಿಣದ ಬಾಗಿಲು. ಮೂರು ದಿನ ಹುಡುಕಿದರೂ ಅದರ ಕೀಲಿ ಎಲ್ಲೂ ಇಲ್ಲ. ಗುರುಸಿದ್ದಪ್ಪ ಹಳೆಯ ಕ್ಯಾಲೆಂಡರಿನ ಹಿಂಬದಿಗೆ ಎಡಗೈಯಲ್ಲಿ ನಕ್ಷೆ ಬರೆದ. ತೆರೆದ ಪೆಟ್ಟಿಗೆಗಳನ್ನೆಲ್ಲ ಅದರಲ್ಲಿ ಗೆರೆ ಎಳೆದು ಹೊಡೆದುಹಾಕಿದ. ಮಧ್ಯಾಹ್ನದ ಹೊತ್ತಿಗೆ ಪೆನ್ನಿಟ್ಟು ಹೆಂಡತಿಯನ್ನು ಕರೆದ.

"ಕೀಲಿ ಬಾಗಿಲದ ಒಳಗೈತಿ. ಬಾಗಿಲಾ ತಗೀಬೇಕಂದ್ರ ಕೀಲಿ ಬೇಕು. ಇಂಥಾ ಕೆಲಸ ಆಟ ಮಾಡಿದವ ಮಾಡೂದಿಲ್ಲ. ಮನಿಯಾಗಿನವರ ಮಾಡಿರಬೇಕು. ಖರೇ ಹೇಳು."

ದಾಕ್ಷಾಯಣಿ ಕೈಯೊರೆಸಿಕೊಂಡು ಎದುರು ಕುಳಿತು ಎಲ್ಲವನ್ನೂ ಹೇಳಿದಳು. ಅರವತ್ತು ಚೌಕಗಳಲ್ಲಿ ಒಂದು, 'ಗೆಲ್ಲಲು ದಾರಿ ಇದೆಯೇ ಎಂದು ಪರೀಕ್ಷಿಸು' ಎಂಬುದು, ಆಕೆಯ ಕಣ್ಣಿಗೆ ಬಿದ್ದಿರಲಿಲ್ಲ ಎಂಬುದನ್ನೂ.

ವೀರನು ಎದ್ದು ನಿಂತನು. ಉರಿಗಣ್ಣನಾಗಿ, ಬನಿಯನ್‌ಧಾರಿಯಾಗಿ, ಬಲಗೈಯನ್ನು ಎಡಗೈಯಲ್ಲಿ ಹಿಡಿದು ಗರ್ಜಿಸಿದನು: "ಮೂವತ್ತಾರು ವರ್ಷ ಗಾಡಿ ಹೊಡದೀನಿ! ಲೈನ್ ಕ್ಲಿಯರ್ ಇಲ್ದ ಒಂದ ಸಲಾನೂ ಮುಂದ ಹೋಗಿಲ್ಲ! ನೀ ಸಿಗ್ನಲ್ ನೋಡದ ನನ್ನ ಹಳಿಮ್ಯಾಲ ಬಿಟ್ಟಿ. ಮೂರು ದಿನ, ದಾಕ್ಷಾಯಣೀ! ಮೂರು ದಿನ ನಾ ಹುಚ್ಚನಂಗ ಕೀಲಿ ಹುಡುಕೀನಿ!"

ಆಕೆಯೂ ಎದ್ದಳು. ನೋವಿನ ಮೊಣಕಾಲೂ ಆ ಕ್ಷಣ ಎದ್ದಿತು.

"ಹುಡುಕಿದ್ರಲ್ಲ! ಅದ ಬೇಕಾಗಿತ್ತು ನನಗ! ನಾಕು ತಿಂಗಳ ಗ್ವಾಡಿ ನೋಡಿದ್ರಿ ನೀವು. ಗ್ವಾಡ್ಯಾಗ ಯಾವ ಕೀಲಿ ಇತ್ತು? 'ಬ್ಯಾಡ', 'ಬ್ಯಾಡ' ಅಂತ ಕೇಳಿ ಕೇಳಿ ನನ್ನ ಕಿವಿ ಸತ್ತಿದ್ದುವು. ಮೂರು ದಿನ ಬೈದ್ರಿ, ಹೊಟ್ಟಿ ತುಂಬ ಊಟ ಮಾಡೀನಿ ನಾನು. ಬೈರಿ ಇನ್ನೂ!"

ಬಯ್ಯಲು ಹೇಳಿದ ಮೇಲೆ ಬೈಗುಳ ಬರುವುದಿಲ್ಲ. ಗುರುಸಿದ್ದಪ್ಪ ತನ್ನ ಹೆಬ್ಬೆರಳನ್ನು ನೋಡಿದ. ಅದು ಸಿಟ್ಟಿನಲ್ಲಿ ತಾನಾಗಿ ಮೇಲೆದ್ದು ನಿಂತಿತ್ತು. ಕುರ್ಚಿ ಎಳೆದುಕೊಂಡು ಕಂಪ್ಯೂಟರಿನ ಮುಂದೆ ಕೂತ.

"ಮತ್ತೊಮ್ಮೆ ಕಲಸು. ನಾ ಕುಂತಿರ್ತೀನಿ. ಒಂದೊಂದ ಚೌಕ ಓದಿ ಹೇಳು. ಲೈನ್ ಕ್ಲಿಯರ್ ಅಂತ ನಾ ಅಂದ ಮ್ಯಾಲ ಒತ್ತು."

ಹೀಗೆ ಸಂಧಿಯಾಯಿತು. ಆಕೆ ಓದಿದಳು, ಆತ ತೂಗಿದ. ಬಾಗಿಲು ಕಲಸಬೇಕೇ? ಕಲಸಲಿ. ಅಂಗಡಿ? ಕಲಸಲಿ. ಚೇಳು? ಚೇಳನ್ನು ಕೈಬಿಡಲು ಆತ ಒಪ್ಪಲಿಲ್ಲ, ಅದರ ಜೊತೆ ಹಗೆ ಬಾಕಿಯಿತ್ತು. ದಾರಿ ಪರೀಕ್ಷಿಸುವ ಚೌಕಕ್ಕೆ ಗುರುತು ಬಿದ್ದುದನ್ನು ಕನ್ನಡಕ ಏರಿಸಿ ಎರಡು ಸಲ ನೋಡಿದ. "ಲೈನ್ ಕ್ಲಿಯರ್," ಎಂದ. ರಾಜ್ಯವು ಎರಡನೆಯ ಬಾರಿ ನಾಶವಾಯಿತು.

ಇಪ್ಪತ್ತು ದಿನ ನಡೆದ ಆ ದಿಗ್ವಿಜಯವನ್ನು ವರ್ಣಿಸಲು ನನಗೆ ನಾಲಗೆಯಿದೆ, ನಿಮಗೆ ತಾಳ್ಮೆಯಿರಲಾರದು. ಬೆಳಿಗ್ಗೆ ಒಂದು ತಾಸು, ಸಂಜೆ ಒಂದು ತಾಸು. ಕ್ಯಾಲೆಂಡರಿನ ಆರು ತಿಂಗಳ ಹಾಳೆಗಳು ನಕ್ಷೆಯಿಂದ ಕಪ್ಪಾದವು. ಏಳನೆಯ ದಿನದಿಂದ ಆ ಗೆರೆಗಳು ಬಲಗೈಯವು. ಚೇಳು ಸತ್ತ ದಿನ ನಫೀಸಾ ಇದ್ದಳು, ಚಪ್ಪಾಳೆ ತಟ್ಟಿದಳು. ಗುರುಸಿದ್ದಪ್ಪ ಆಕೆಗೆ ಚೇಳಿನ ಸ್ವಭಾವವನ್ನು ಅರ್ಧ ತಾಸು ವಿವರಿಸಿದ. ಮುಂದಿನ ಮನೆಗೆ ಆಕೆಗೆ ತಡವಾಯಿತು.

ಇಪ್ಪತ್ತನೆಯ ದಿನದ ಸಂಜೆ ಸರದಾರನು ಏಳನೆಯ ಕೋಟೆಯ ಮೆಟ್ಟಿಲನ್ನೇರಿದನು. ದಾಕ್ಷಾಯಣಿ ಬಂದು ಹಿಂದೆ ನಿಂತಳು. ಸಿಂಹಾಸನದ ಮಂಟಪದಲ್ಲಿ ಭೇರಿಗಳು ಮೊಳಗಿದವು, ಜ್ವಾಲೆಗಳೆದ್ದವು, ಪರದೆ ಕೆಂಪಾಯಿತು. ಯಾವ ರಾಕ್ಷಸನಿದ್ದಾನೋ, ಯಾವ ಘಟಸರ್ಪವಿದೆಯೋ ಎಂದು ಇಬ್ಬರೂ ಉಸಿರು ಹಿಡಿದರು. ಗುರುಸಿದ್ದಪ್ಪ ದನಿ ಎತ್ತಿ ಸವಾಲೆಸೆದ: "ಯಾರರ ಇರು, ಬಾ ಮಗನ! ಅಣ್ಣಿಗೇರಿ ಗುರುಸಿದ್ದಪ್ಪ ಬಂದಾನ!"

ಹೊಗೆ ಕರಗಿತು. ಸಿಂಹಾಸನದ ಮೇಲೆ ಒಂದು ಕೋಳಿ ಕೂತಿತ್ತು. ಹಳ್ಳಿಯ ಅಂಗಳದ ಕೋಳಿ. ಭೇರಿಗಳು ಮೊಳಗುತ್ತಲೇ ಇದ್ದವು. ಅದು ನೆಲಕ್ಕೆ ಇಳಿದು ಏನನ್ನೋ ಕುಕ್ಕಿತು.

ಗುರುಸಿದ್ದಪ್ಪ ಹೆಂಡತಿಯ ಮುಖ ನೋಡಿದ. ಆಕೆ ಪರದೆಯನ್ನು ನೋಡುತ್ತಿದ್ದಳು. ಆತ ಹೆಬ್ಬೆರಳನ್ನು ಎತ್ತಿ ಒಮ್ಮೆ ಒತ್ತಿದ. ಒಂದೇ ಸಲ. ಕೋಳಿ 'ಕೊಕ್' ಎಂದಿತು, ರಾಜ್ಯ ಬಂಧಮುಕ್ತವಾಯಿತು, ಆಟ ಮಾಡಿದವರ ಹೆಸರುಗಳು ಮೇಲೇರತೊಡಗಿದವು.

"ಇಷ್ಟ ಏನು?"

"ಇಷ್ಟ ರೀ."

ದಾಕ್ಷಾಯಣಿ ದಿವಾನದ ಮೇಲೆ ಕಾಲು ಚಾಚಿದಳು. "ಮೊಣಕಾಲು ಭಾಳ ಹಿಡದೈತಿ. ಇವತ್ತು ಚಾ ನೀವ ಮಾಡ್ರಿ. ಹೆಬ್ಬಟ್ಟು ಬಂದೈತಲ್ಲ."

ಸಪ್ತದುರ್ಗಭಂಜನನು ಅಡುಗೆಮನೆಯನ್ನು ಪ್ರವೇಶಿಸಿದನು. ಗ್ಯಾಸ್ ಲೈಟರ್ ಅನ್ನು ಬಲಗೈಯಲ್ಲಿ ಹಿಡಿದು ಒತ್ತಿದನು. ಮೂರನೆಯ ಪ್ರಯತ್ನಕ್ಕೆ ಒಲೆ ಹೊತ್ತಿತು. ನೀರಿಟ್ಟನು. ಚಹಪುಡಿ ಕಣ್ಣೆದುರಿಗೇ ಇತ್ತು. ಬಳಿಕ ಆತ ಕಪಾಟಿನ ಮುಂದೆ ನಿಂತನು. ಒಂದೇ ಎತ್ತರದ, ಒಂದೇ ಮುಚ್ಚಳದ ಹದಿನಾಲ್ಕು ಸ್ಟೀಲ್ ಡಬ್ಬಿಗಳು ಅಲ್ಲಿ ಸಾಲಾಗಿ ನಿಂತಿದ್ದವು. ಅವು ಆ ಜಾಗ ಬಿಟ್ಟು ಮೂವತ್ತು ವರ್ಷಗಳಿಂದ ಕದಲಿರಲಿಲ್ಲ.

ಮೊದಲನೆಯದರಲ್ಲಿ ಸಾಸಿವೆ. ಎರಡನೆಯದರಲ್ಲಿ ಪುಟಾಣಿ. ನೀರು ಕುದಿಯತೊಡಗಿತು.

"ದಾಕ್ಷಾಯಣೀ, ಸಕ್ರಿ ಎಲ್ಲೈತಿ?"

"ಹುಡುಕ್ರಿ," ಎಂದಿತು ಹೊರಗಿನಿಂದ ದನಿ.

ಮೂರನೆಯದರಲ್ಲಿ ಮೆಂತ್ಯ ಇತ್ತು.